ರಾಜಿಯಲ್ಲಿ ಬಿಟ್ಟುಹೋದವನು

ನಮ್ಮ ಚಿಕ್ಕಪ್ಪ ಬೀಗ ರಿಪೇರಿಯವನು. ಬಸ್ ನಿಲ್ದಾಣದ ಹಿಂದೆ ಒಬ್ಬರೇ ಕೂರುವಷ್ಟು ಅಂಗಡಿ, ಕೀಲಿ ಉಜ್ಜುವ ನಾಲ್ಕಾರು ಅರ, ಗೋಡೆ ತುಂಬ ಇನ್ನೂ ಹಲ್ಲು ಕೊರೆಯದ ಕೀಲಿಗಳು. ಯಾರ ತಂಟೆಗೂ ಹೋದವನಲ್ಲ. ಅಂಥವನು ಮನೆ ಒಡೆದ ಕೇಸಿನಲ್ಲಿ ಎರಡನೇ ಆರೋಪಿಯಾದ.

ಆದದ್ದು ಇಷ್ಟೇ. ಔಷಧಿ ಅಂಗಡಿಯವನು ಹೆಂಡತಿಯ ಮೇಲೆ ಮುನಿಸಿಕೊಂಡು, ಅವಳು ಹೊರಗೆ ಹೋಗಿದ್ದಾಗ ಮನೆಗೆ ಹೊಸ ಬೀಗ ಜಡಿದು ಪರವೂರಿಗೆ ಹೊರಟುಹೋಗಿದ್ದ. ಆಕೆ ಮಗಳ ಕೈ ಹಿಡಿದುಕೊಂಡು ಅಂಗಡಿಗೆ ಬಂದು, "ಕೀಲಿ ಕಳೆದುಹೋಯ್ತು, ಬಾಗಿಲು ತೆಗೆದುಕೊಡಿ" ಅಂದಳು. ಚಿಕ್ಕಪ್ಪ ಹೋಗಿ ತೆಗೆದುಕೊಟ್ಟ. ಗಂಡ ವಾಪಸ್ ಬಂದವನೇ, ಇಬ್ಬರೂ ಸೇರಿ ಮನೆ ಒಡೆದು ಒಡವೆ ಸಾಗಿಸಿದರು ಎಂದು ಪೊಲೀಸರಿಗೆ ದೂರು ಕೊಟ್ಟ. ಒಡವೆ ಅವನ ಬೀರುವಿನಲ್ಲೇ ಸಿಕ್ಕಿತು, ಆದರೆ ದೂರು ಹಾಗೇ ಉಳಿಯಿತು.

ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ. ಇವರು ಸ್ವಲ್ಪ ನಿಧಾನವಾಗಿ ಉಂಡರು, ಅಷ್ಟೇ. ಹಿರಿಯರು ಕೂತು ರಾಜಿ ಮಾಡಿಸಿದರು, ಕೇಸು ರದ್ದು ಮಾಡಿ ಎಂದು ಕೋರ್ಟಿಗೆ ಅರ್ಜಿ ಹೋಯಿತು. ಚಿಕ್ಕಪ್ಪ ಖುಷಿಯಿಂದ ವಕೀಲರ ಹತ್ತಿರ ಹೋದರೆ ಅವರು, "ರಾಜಿ ಆಗಿರೋದು ಅವರಿಬ್ಬರ ಮಧ್ಯೆ. ನಿಮ್ಮ ಮೇಲೂ ತಕರಾರಿಲ್ಲ ಅಂತ ದೂರು ಕೊಟ್ಟವರು ಜಡ್ಜ್ ಮುಂದೆ ಹೇಳ್ಬೇಕು. ಹೇಳದಿದ್ರೆ ನಿಮ್ಮ ಕೇಸು ನಡೆಯುತ್ತೆ" ಅಂದರು. ಗಂಡ ಹೆಂಡಿರ ಜಗಳದಲ್ಲಿ ಕೂಸು ಬಡವಾಯಿತು ಅನ್ನುತ್ತಾರಲ್ಲ, ಇಲ್ಲಿ ಕೂಸಿಗೆ ಐವತ್ತೆಂಟು ವಯಸ್ಸು.

ಅವತ್ತಿನಿಂದ ಚಿಕ್ಕಪ್ಪನಿಗೆ ಭಯ ಹತ್ತಿತು. ಕಳ್ಳ ಅನ್ನಿಸಿಕೊಂಡವನ ಕೈಗೆ ಯಾರು ತಮ್ಮ ಮನೆಯ ಬೀಗ ಕೊಡುತ್ತಾರೆ? ಜೀಪಿನ ಸದ್ದಾದರೆ ಬಿದ್ದ ಅರ ಹುಡುಕುವವನಂತೆ ಮೇಜಿನ ಕೆಳಗೆ ಬಗ್ಗುತ್ತಿದ್ದ. ತನ್ನದೇ ಸೂಟ್‌ಕೇಸು ತೆಗೆಸಲು ಬಂದ ಮುದುಕನಿಗೆ ಸಾಕ್ಷಿ ಕರೆದುಕೊಂಡು ಬನ್ನಿ ಅಂದನಂತೆ. ನಾವು ನಕ್ಕೆವು. ಅವನು ನಗಲಿಲ್ಲ, ಅನ್ನದ ತಟ್ಟೆ ಸರಿಸಿ ಎದ್ದುಹೋದ.

ಚಿಕ್ಕಪ್ಪನ ಮೇಲೂ ತಕರಾರಿಲ್ಲ ಅನ್ನಿ ಎಂದು ಕೇಳಿಕೊಳ್ಳಲು ಔಷಧಿ ಅಂಗಡಿಗೆ ನಾನೇ ಜೊತೆಗೆ ಹೋದೆ. ಗಂಡ ಮಾತ್ರೆ ಎಣಿಸುತ್ತಲೇ, "ನನ್ನ ಹೆಂಡ್ತಿ ಪಾಪದವಳು. ಅವಳ ತಲೆ ಕೆಡಿಸಿದ್ದೇ ನೀವು" ಅಂದ. ಒಳಬಾಗಿಲಲ್ಲಿ ನಿಂತಿದ್ದ ಆಕೆ ತಲೆ ಎತ್ತಲಿಲ್ಲ. ನನಗೆ ಮೈ ಉರಿದುಹೋಯಿತು. ಹೆಂಡತಿ ಒಳ್ಳೆಯವಳಾಗಬೇಕಾದರೆ ಇನ್ನೊಬ್ಬ ಕಳ್ಳನಾಗಬೇಕಿತ್ತು, ಅವರ ಸಂಸಾರ ಅದರ ಮೇಲೆ ನಿಂತಿತ್ತು.

ಕೋರ್ಟಿನಲ್ಲಿ ಚಿಕ್ಕಪ್ಪನ ಕೈ ಹಿಡಿದುಕೊಂಡಿದ್ದೆ. ಜಡ್ಜ್ ಗಂಡನನ್ನು ಕೇಳಿದರು, "ಹೆಂಡತಿ ಮೇಲೆ ತಕರಾರಿಲ್ಲ, ಸರಿ. ಈ ಎರಡನೆಯವರ ಬಗ್ಗೆ?"

"ಸ್ವಾಮಿ, ಇವನೇ ಅವಳಿಗೆ ಇಲ್ಲದ್ದೆಲ್ಲ ಹೇಳಿಕೊಟ್ಟು..."

"ಇಲ್ಲ" ಅಂದಳು ಆಕೆ. ಚಿಕ್ಕಪ್ಪನ ಕಡೆ ಕೈ ತೋರಿಸಿದಳು. "ಅವರಿಗೇನೂ ಗೊತ್ತಿರಲಿಲ್ಲ. ಕೀಲಿ ಕಳೆದಿದೆ ಅಂತ ಸುಳ್ಳು ಹೇಳಿದ್ದು ನಾನು. ಇವರು ನನ್ನನ್ನೂ ಮಗೂನೂ ಹೊರಗಿಟ್ಟು ಬೀಗ ಹಾಕಿದ್ರು."

ಜಡ್ಜ್ ಕನ್ನಡಕದ ಮೇಲಿಂದ ಗಂಡನನ್ನೇ ನೋಡಿದರು. ಅವನ ಮುಖ ಕೆಂಪಾಯಿತು. "ತಕರಾರಿಲ್ಲ ಸ್ವಾಮಿ" ಅಂದ. ಇಬ್ಬರ ಮೇಲಿನ ಕೇಸೂ ರದ್ದಾಯಿತು.

ಹೊರಗೆ ಚಿಕ್ಕಪ್ಪ ಕೈ ಮುಗಿಯಲು ಹೋದ. ಆಕೆ ನೋಡದೆ ದಾಟಿದಳು. ಗಂಡ ಹಿಂದಿನಿಂದ ಮೆಲ್ಲಗೆ, "ಮನೆಗೆ ನಡಿ" ಅಂದ. ಅವನು ಕೂಗಿದ್ದರೆ ನನಗಷ್ಟು ಹೆದರಿಕೆಯಾಗುತ್ತಿರಲಿಲ್ಲ.

"ಮುಗೀತಲ್ಲ ಚಿಕ್ಕಪ್ಪ, ನಡಿ ಹೋಗೋಣ" ಅಂದೆ.

ಚಿಕ್ಕಪ್ಪ ಮೆಟ್ಟಿಲ ಮೇಲೆ ಕೂತುಬಿಟ್ಟ. "ನನ್ನ ಪರವಾಗಿ ಅವಳು ಬಾಯಿಬಿಟ್ಟಳು ಕಣೇ. ಇವತ್ತು ಆ ಮನೆಯೊಳಗೆ ಅವಳ ಪರವಾಗಿ ಯಾರಿದಾರೆ?"

ನಾನು ಗೇಟಿನ ಕಡೆ ಓಡಿದೆ. ಅವರ ಸ್ಕೂಟರ್ ಆಗಲೇ ಹೊರಟುಹೋಗಿತ್ತು.