ಕಣ್ಣು ಮುಚ್ಚಿದ ಕಾವಲುಗಾರ

ಶ್ರೀನಿವಾಸಪುರದಲ್ಲಿ ಮಾವಿನ ಮಂಡಿ ಇಟ್ಟಿರುವ ಮುನಿಕೃಷ್ಣನ ಮಗಳು ತ್ರಿವೇಣಿ, ಬೆಂಗಳೂರಿನಲ್ಲಿ ಶಿಲ್ಪಕಲೆ ಓದಿ ವಾಪಸು ಬಂದಾಗ ಊರಿನವರಿಗೆ ಇದ್ದ ಕುತೂಹಲ ಒಂದೇ. ಇವಳು ದೇವರ ವಿಗ್ರಹ ಮಾಡ್ತಾಳೋ, ರಾಜಕಾರಣಿಗಳ ಪ್ರತಿಮೆ ಮಾಡ್ತಾಳೋ? ಎರಡಕ್ಕೂ ಗಿರಾಕಿಗಳಿಗೆ ಬರವಿರಲಿಲ್ಲ. ಅವಳು ಗೇಣುದ್ದದ ಬೊಂಬೆ ಮಾಡ್ತೀನಿ ಅಂದಳು. ಮಕ್ಕಳಿಗಾ ಅಂದರೆ, ಅಲ್ಲ, ದೊಡ್ಡವರಿಗೆ ಅಂದಳು. ದೊಡ್ಡವರು ಬೊಂಬೆ ಇಟ್ಕೊಂಡು ಏನ್ಮಾಡ್ತಾರೆ ಅಂದರೆ, ಏನೂ ಮಾಡಲ್ಲ, ಸುಮ್ಮನೆ ಇಟ್ಕೊಳ್ತಾರೆ ಅಂದಳು. ಅಲ್ಲಿಗೆ ಊರು ಆ ವಿಷಯ ಕೈಬಿಟ್ಟು ಅವಳ ಮದುವೆಯ ಮಾತೆತ್ತಿತು.

ಅಪ್ಪನಿಗೆ ಮಾತ್ರ ಈ ವ್ಯಾಪಾರದ ಒಳಗುಟ್ಟು ತಿಳಿಯಬೇಕಿತ್ತು. ಬೊಂಬೆಯನ್ನು ಮುಚ್ಚಿದ ಪೆಟ್ಟಿಗೆಯಲ್ಲಿ ಮಾರುತ್ತಾರೆ, ಒಳಗೆ ಯಾವುದಿದೆ ಅಂತ ಕೊಂಡವನಿಗೆ ಮನೆಗೆ ಹೋಗಿ ಬಿಚ್ಚಿದ ಮೇಲೇ ಗೊತ್ತಾಗೋದು ಅಂತ ಮಗಳು ವಿವರಿಸಿದಾಗ ಅವನು ಹೆಗಲ ಮೇಲಿನ ಟವೆಲ್ ತೆಗೆದು ಮುಖ ಒರೆಸಿಕೊಂಡ.

"ನಾವು ಮೇಲೊಂದು ಸಾಲು ಒಳ್ಳೆ ಬಾದಾಮಿ ಇಟ್ಟು, ಕೆಳಗೆ ಎರಡು ಹಣ್ಣು ಮಚ್ಚೆ ಬಿದ್ದಿದ್ದು ಇಟ್ರೆ ಕೊರಳಪಟ್ಟಿ ಹಿಡೀತಾರೆ ಕಣಮ್ಮ. ನಿಮ್ಮೋರು ಥ್ಯಾಂಕ್ಸ್ ಹೇಳಿ ಹೋಗ್ತಾರಾ?"

"ಬೇಕಾದ್ದು ಸಿಗಲಿಲ್ಲ ಅಂತ ಇನ್ನೊಂದು ಪೆಟ್ಟಿಗೆ ತಗೊಂಡು ಹೋಗ್ತಾರಪ್ಪ."

"ಸರಿ, ಮಾಡು," ಅಂದ ಮುನಿಕೃಷ್ಣ. ಮೂವತ್ತು ವರ್ಷ ವ್ಯಾಪಾರ ಮಾಡಿದವನಿಗೆ ಅಷ್ಟು ಹೇಳಿದರೆ ಸಾಕಾಗಿತ್ತು.

ಮಾವಿನ ಸುಗ್ಗಿ ಮುಗಿದ ಮೇಲೆ ಮಂಡಿಯ ಗೋದಾಮು ಖಾಲಿ ಬಿದ್ದಿರುತ್ತದೆ. ಅದರ ಒಂದು ಮೂಲೆಯಲ್ಲಿ ತ್ರಿವೇಣಿ ಮೇಜು ಹಾಕಿಕೊಂಡಳು. ಮೊದಲ ಬೊಂಬೆಗೆ ಅವಳು ಆರಿಸಿಕೊಂಡದ್ದು ಶಿವಕುಮಾರರ ತೋಪಿನ ಕಾವಲುಗಾರ ನರಸಿಂಹಪ್ಪನನ್ನು. ಅರವತ್ತು ದಾಟಿದ ಆಸಾಮಿ. ಕೋತಿ ಓಡಿಸೋದು ಅವನ ಕೆಲಸ. ಬೆಳಿಗ್ಗೆ ಹತ್ತಕ್ಕೆ ಅಟ್ಟಣೆ ಹತ್ತಿದರೆ ಹತ್ತೂಕಾಲಿಗೆ ಗೊರಕೆ. ಕೋತಿಗಳು ಆ ಗೊರಕೆ ಕೇಳಿಕೊಂಡೇ ತೋಪಿಗೆ ಇಳಿಯುತ್ತವೆ ಅಂತ ಊರಲ್ಲಿ ಮಾತಿತ್ತು. ತ್ರಿವೇಣಿ ಜೇಡಿಮಣ್ಣಿನಲ್ಲಿ ತೋತಾಪುರಿ ಮಾವಿನಕಾಯಿಯಂಥ ತಲೆ ಮಾಡಿ, ಅದರ ಕೊಕ್ಕನ್ನೇ ಮೂಗು ಮಾಡಿ, ತೊಡೆಯ ಮೇಲೆ ಕವಣೆ ಇಟ್ಟು, ಎರಡೂ ರೆಪ್ಪೆ ಮುಚ್ಚಿದಳು. ಅಚ್ಚು ತೆಗೆದು ರಾಳದಲ್ಲಿ ನಲವತ್ತು ಬೊಂಬೆ ಎರಕ ಹೊಯ್ದು, ಪಂಚೆಗೆ ನಾಲ್ಕಾರು ಬಗೆಯ ಬಣ್ಣ ಹಚ್ಚಿ ಪೆಟ್ಟಿಗೆಗೆ ಹಾಕಿದಳು.

ನಲವತ್ತೂ ಬೆಂಗಳೂರಿನ ಬೊಂಬೆ ಸಂಗ್ರಾಹಕರ ಮೇಳದಲ್ಲಿ ಮಧ್ಯಾಹ್ನದೊಳಗೆ ಖಾಲಿಯಾದವು. ಒಬ್ಬ ಗಡ್ಡದ ಹುಡುಗ ಅದನ್ನು ಅಂಗೈಯಲ್ಲಿಟ್ಟುಕೊಂಡು, "ಇದು ನಮ್ಮ ಕಾಲದ ದಣಿವಿನ ರೂಪಕ ಅಲ್ವಾ ಮೇಡಂ?" ಅಂದ. ನರಸಿಂಹಪ್ಪ ದಣಿದದ್ದನ್ನು ತ್ರಿವೇಣಿ ಯಾವತ್ತೂ ಕಂಡಿರಲಿಲ್ಲ. ಆದರೂ ಹೌದು ಅಂದಳು. ಖುಷಿಗೆ ಪೆಟ್ಟಿಗೆಯ ಮೇಲೆ ತನ್ನ ಹೆಸರು ಬರೆದುಕೊಡಲು ಹೋದರೆ ಹುಡುಗ ಬೆಚ್ಚಿ ಪೆಟ್ಟಿಗೆ ಹಿಂದಕ್ಕೆಳೆದುಕೊಂಡ. "ದಯವಿಟ್ಟು ಗೀಚಬೇಡಿ. ಪೆಟ್ಟಿಗೆ ಹಾಳಾದ್ರೆ ಬೊಂಬೆಗೆ ಬೆಲೆ ಇರಲ್ಲ."

ಮರುವಾರ ಪತ್ರಿಕೆಯಲ್ಲಿ ಫೋಟೋ ಬಂತು. ಬೊಂಬೆ ಒಂದು ಕಡೆ, ತ್ರಿವೇಣಿ ಒಂದು ಕಡೆ, ಮೇಲೆ 'ತೋಪಿನ ನಿದ್ರಾವೀರ' ಅಂತ ತಲೆಬರಹ, ಕೆಳಗೆ ಶಿವಕುಮಾರರ ತೋಪಿನ ಹೆಸರೂ ನರಸಿಂಹಪ್ಪನ ಹೆಸರೂ. ಅದನ್ನು ಓದಿದ ಶಿವಕುಮಾರ್ ಅಂದೇ ನರಸಿಂಹಪ್ಪನನ್ನು ಕೆಲಸದಿಂದ ತೆಗೆದರು. ವಿಷಯ ತಿಳಿದು ತ್ರಿವೇಣಿ ಅವರ ಮನೆಗೆ ಓಡಿದಳು.

"ಸಾರ್, ತಾತ ಇಪ್ಪತ್ತು ವರ್ಷದಿಂದ ಹಂಗೇ ಮಲಗ್ತಿದ್ರಲ್ಲ. ನಿಮಗೆ ಗೊತ್ತಿರಲಿಲ್ವಾ?"

"ನನಗೆ ಗೊತ್ತಿತ್ತಮ್ಮ. ಕೋತಿಗಳಿಗೂ ಗೊತ್ತಿತ್ತು. ಈಗ ನೀನು ಕಳ್ಳರಿಗೂ ತಿಳಿಸಿದೆಯಲ್ಲ."

ತ್ರಿವೇಣಿ ಅಂಗಳಕ್ಕಿಳಿದಳು. ಅಲ್ಲಿಂದ ನೇರ ನರಸಿಂಹಪ್ಪನ ಮನೆಗೆ ಹೋದಳು. ಬೈಸಿಕೊಳ್ಳಲು ಸಿದ್ಧವಾಗಿಯೇ ಹೋಗಿದ್ದಳು. ಅವನು ಜಗಲಿಯ ಮೇಲೆ ಕೂತು, ಯಾರೋ ತಂದುಕೊಟ್ಟ ಪತ್ರಿಕೆಯನ್ನು ದೂರ ಹಿಡಿದು ನೋಡುತ್ತಿದ್ದ.

"ಮೂಗು ನಂದಲ್ಲ ಬಿಡು," ಅಂದ. "ನಿದ್ದೆ ಏನೋ ನಂದೇ."

ಅವಳಿಗೆ ಅಳು ಬಂತು. ಅವನಿಗೆ ಅದು ಅರ್ಥವಾಗಲಿಲ್ಲ. "ಅಯ್ಯೋ, ಮೂಗಿಗೆಲ್ಲ ಯಾಕಮ್ಮ ಅಳ್ತೀಯ," ಅಂತ ಸಮಾಧಾನ ಮಾಡಿ ಕಾಫಿ ಕೊಡಿಸಿದ. ಮಾರನೇ ದಿನದಿಂದ ಗೋದಾಮಿನಲ್ಲಿ ಬೊಂಬೆ ಕಾಯುವ ಕೆಲಸಕ್ಕೆ ಅವನನ್ನು ಅವಳೇ ಇಟ್ಟುಕೊಂಡಳು. ಬೊಂಬೆ ಯಾರು ಕದೀತಾರೆ ಅಂತ ಅವನು ಕೇಳಿದ. ಯಾರೂ ಇಲ್ಲ, ಆರಾಮಾಗಿ ಮಲಕ್ಕೋ ತಾತ ಅಂದಳು.

ಅಷ್ಟರಲ್ಲಿ ಒಂದು ದೊಡ್ಡ ಆಟಿಕೆ ಕಂಪನಿ ಅವಳನ್ನು ಹುಡುಕಿಕೊಂಡು ಬಂತು. ಮಾಧವ್ ಅನ್ನುವ ಮ್ಯಾನೇಜರ್ ಒಪ್ಪಂದದ ಕಾಗದ ಹಿಡಿದು ಗೋದಾಮಿಗೇ ಬಂದ. ಹತ್ತು ಸಾವಿರ ಬೊಂಬೆ ಮಾಡಿಸೋಣ ಅಂದ. ಒಂದೇ ಒಂದು ಸಣ್ಣ ಬದಲಾವಣೆ.

"ಎಬ್ಬಿಸಬೇಕು ಮೇಡಂ. ಜನಕ್ಕೆ ಪಾಸಿಟಿವ್ ಬೊಂಬೆ ಬೇಕು. ಅಚ್ಚು ಹಂಗೇ ಇರಲಿ, ಮುಚ್ಚಿದ ರೆಪ್ಪೆ ಮೇಲೇನೇ ಎರಡು ಕಣ್ಣು ಬರೆದ್ರಾಯ್ತು."

ತ್ರಿವೇಣಿ ಮೂರು ದಿನ ಆಗಲ್ಲ ಅಂದಳು, ನಾಲ್ಕನೇ ದಿನ ರುಜು ಹಾಕಿದಳು. ಕಲಾವಿದರು ತಮ್ಮ ನಿಲುವು ಬಿಡಬಾರದು ಅಂತ ಕಾಲೇಜಿನಲ್ಲಿ ಅವಳು ಪ್ರಬಂಧ ಬರೆದು ಬಹುಮಾನ ಪಡೆದಿದ್ದಳು. ಅದು ಆ ಮೂರು ದಿನವೂ ಅವಳಿಗೆ ಚೆನ್ನಾಗಿ ನೆನಪಿತ್ತು.

ಎಚ್ಚರವಾದ ಕಾವಲುಗಾರನನ್ನು ಯಾರೂ ಕೊಳ್ಳಲಿಲ್ಲ. ಉಬ್ಬಿದ ರೆಪ್ಪೆಯ ಮೇಲೆ ಕಣ್ಣು ಬರೆದದ್ದಕ್ಕೆ ಅವನು ಭೂತ ಕಂಡವನ ಹಾಗೆ ಕಾಣುತ್ತಿದ್ದ. ಇನ್ನೂ ಪೆಟ್ಟಿಗೆಗೆ ಹಾಕದೆ ಉಳಿದಿದ್ದ ಮಾಲನ್ನು ಕಂಪನಿ, ಒಪ್ಪಂದದಲ್ಲಿದ್ದಂತೆ, ಕ್ರೇಟುಗಟ್ಟಲೆ ತ್ರಿವೇಣಿಯ ಗೋದಾಮಿಗೇ ಸಾಗಿಸಿತು. ವಾರ ಕಳೆಯುವುದರೊಳಗೆ ನರಸಿಂಹಪ್ಪ ಕೆಂಪು ಕಣ್ಣು ಬಿಟ್ಟುಕೊಂಡು ಅವಳೆದುರು ನಿಂತ.

"ನನ್ನ ಕೈಲಾಗಲ್ಲಮ್ಮ. ಕೋತಿ ಆದ್ರೆ ಅದರ ಪಾಡಿಗೆ ಅದು ತಿನ್ನೋದು, ನನ್ನ ಪಾಡಿಗೆ ನಾನು ಮಲಗೋದು. ಇವು ಒಂದೇ ಸಮ ನನ್ನೇ ನೋಡ್ತವೆ."

ಇಪ್ಪತ್ತು ವರ್ಷದಲ್ಲಿ ಅವನು ಪೂರ್ತಿ ಎಚ್ಚರವಾಗಿ ಕಾವಲು ಕಾದದ್ದು, ಯಾರಿಗೂ ಬೇಡವಾದ ಆ ಮಾಲನ್ನೇ.

ಕಂಪನಿಯವರು ತ್ರಿವೇಣಿಯ ಫೋನು ಎತ್ತುವುದನ್ನು ಬಿಟ್ಟರು. ಇನ್ನು ಶಾಲೆಯಲ್ಲಿ ಡ್ರಾಯಿಂಗ್ ಹೇಳಿಕೊಡೋದೇ ಗತಿ ಅಂತ ಅವಳು ಅರ್ಜಿ ಬರೆಯುತ್ತಿದ್ದ ಹೊತ್ತಿಗೆ ಮಾಧವನೇ ಫೋನು ಮಾಡಿದ. ಮಾರಾಟವಾದ ಕೆಲವೇ ಪೆಟ್ಟಿಗೆಗಳಲ್ಲಿ ಯಾರಿಗೋ ಕಣ್ಣಿಲ್ಲದ ಬೊಂಬೆ ಸಿಕ್ಕಿತ್ತು. ಬಣ್ಣ ಹಾಕುವಾಗ ಬಿಟ್ಟುಹೋದದ್ದು. ಅಂಥವು ಬರೀ ಇನ್ನೂರು ಇವೆ ಅನ್ನುವ ಸುದ್ದಿ ಹಬ್ಬಿ, ಸಂಗ್ರಾಹಕರು ಅದಕ್ಕಾಗಿ ಅಂಗಡಿ ಅಂಗಡಿ ತಿರುಗಿ ಪೆಟ್ಟಿಗೆ ಕೊಂಡು ಬಿಚ್ಚುತ್ತಿದ್ದರು. "ನಿಮ್ಮ ಐಡಿಯಾ ಅದ್ಭುತ ಮೇಡಂ," ಅಂದ ಮಾಧವ್. ಕಣ್ಣು ಮುಚ್ಚಿದ ಬೊಂಬೆ ತನ್ನ ಮೊದಲ ಬೊಂಬೆಯೇ ಅಂತ ಅವಳು ನೆನಪಿಸಿದಳು. ಅವನಿಗೆ ಕೇಳಿಸಲಿಲ್ಲವೋ ಏನೋ, ಮುಂಬಯಿಯಲ್ಲಿ ಪ್ರಶಸ್ತಿ ಕೊಡ್ತಾರೆ, ಬನ್ನಿ ಅಂದ.

ಪ್ರಶಸ್ತಿಯ ವೇದಿಕೆಯಲ್ಲಿ, ಇನ್ನೂರು ಬೊಂಬೆಗಳನ್ನು ಅಪೂರ್ಣವಾಗಿ ಬಿಡುವ ಧೈರ್ಯ ಹೇಗೆ ಬಂತು ಅಂತ ಕೇಳಿದರು. ತ್ರಿವೇಣಿ ಇದ್ದದ್ದನ್ನು ಇದ್ದ ಹಾಗೆ ಹೇಳಿದಳು. "ಧೈರ್ಯ ಏನಿಲ್ಲ. ಫ್ಯಾಕ್ಟರಿಯಲ್ಲಿ ಯಾರೋ ಕಣ್ಣು ಬರೆಯೋದು ಮರೆತರು." ಸಭೆ ಎದ್ದು ನಿಂತು ಚಪ್ಪಾಳೆ ತಟ್ಟಿತು. ಇಷ್ಟು ವಿನಯವಂತ ಕಲಾವಿದೆಯನ್ನು ತಾವು ಕಂಡೇ ಇಲ್ಲ ಅಂತ ಅಧ್ಯಕ್ಷರು ಭಾಷಣ ಮಾಡಿದರು.

ಊರಿಗೆ ಬಂದ ಮೇಲೂ ಆ ಚಪ್ಪಾಳೆ ಅವಳನ್ನು ಕೊರೆಯುತ್ತಿತ್ತು. ಯಾರು ಮರೆತದ್ದು ಅಂತ ವಿಚಾರಿಸಿಕೊಂಡು ಮಾಲೂರಿನ ಫ್ಯಾಕ್ಟರಿಗೆ ಹೋದಳು. ಭಾರತಮ್ಮ ಅನ್ನುವ ಹೆಂಗಸು, ಕಣ್ಣು ಬರೆಯುವ ಸಾಲಿನಲ್ಲಿ ಒಂಬತ್ತು ವರ್ಷದಿಂದ ಕೂತವಳು. ದಿನಕ್ಕೆ ಎಂಟುನೂರು ಜೊತೆ ಕಣ್ಣು ಬರೆಯುತ್ತಿದ್ದಳು.

"ಶಿಫ್ಟಿನ ಬಸ್ಸು ಹಾರ್ನ್ ಹೊಡೀತಾ ಇತ್ತಮ್ಮ. ಉಳಿದ ತಟ್ಟೆಗಳನ್ನ ಹಂಗೇ ಬಿಟ್ಟು ಓಡಿದೆ. ಯಾರೋ ಪ್ಯಾಕ್ ಮಾಡಿಬಿಟ್ರು. ನನಗೆ ಮೆಮೊ ಕೊಟ್ರು," ಅಂದಳು. ಆಮೇಲೆ ದನಿ ತಗ್ಗಿಸಿ, "ಈಗ ಅದೇ ಸೂಪರ್‌ವೈಸರು, ದಿನಾ ಇನ್ನೂರು ಬಿಡು ಅಂತಾನೆ. ಮೆಮೊ ಮಾತ್ರ ವಾಪಸು ತಗೊಂಡಿಲ್ಲ."

ಇಬ್ಬರೂ ನಕ್ಕರು. ಪೆಟ್ಟಿಗೆಯ ಮೇಲೆ ಭಾರತಮ್ಮನ ಹೆಸರೂ ಹಾಕಿ ಅಂತ ತ್ರಿವೇಣಿ ಕಂಪನಿಗೆ ಬರೆದಳು. ಅಂಥ ಪದ್ಧತಿ ಇಲ್ಲ ಅಂತ ಉತ್ತರ ಬಂತು. ಹಾಗಾದರೆ ಮುಂದಿನ ಬೊಂಬೆಯೇ ಅವಳದು ಅಂದಳು ತ್ರಿವೇಣಿ. ಅದಕ್ಕೆ ಅವರು ತಕ್ಷಣ ಒಪ್ಪಿದರು. ಬೊಂಬೆ ಮಾಡುವ ಪದ್ಧತಿ ಇತ್ತಲ್ಲ.

ಒಂದು ಭಾನುವಾರ ತ್ರಿವೇಣಿ ಮಣ್ಣಿನ ಮುದ್ದೆ ಹೊತ್ತು ಮಾಲೂರಿನ ಭಾರತಮ್ಮನ ಮನೆಗೆ ಹೋದಳು. ಬಾಗಿಲಲ್ಲಿ ಬೆಳಕಿಗೆ ಅವಳನ್ನು ಕೂರಿಸಿ, ಕೈಯಲ್ಲಿ ಕುಂಚ ಹಿಡಿಸಿ, ಭುಜದ ಇಳುಕಲನ್ನು ಆಗಷ್ಟೇ ಮಣ್ಣಿನಲ್ಲಿ ತರುತ್ತಿದ್ದಳು. ಭಾರತಮ್ಮ ಎದ್ದೇಬಿಟ್ಟಳು.

"ಈ ಸೀರೆ ಬೇಡಮ್ಮ. ತಂಗಿ ಮದುವೇಲಿ ಕೊಟ್ಟಿದ್ದು ಒಂದಿದೆ. ಉಟ್ಕೊಂಡು ಬರ್ತೀನಿ, ಇರು."

ಬೇಡ ಅನ್ನುವಷ್ಟರಲ್ಲಿ ಒಳಗಿನಿಂದ ಟ್ರಂಕು ಎಳೆದ ಸದ್ದಾಯಿತು. ತ್ರಿವೇಣಿ ಮಣ್ಣು ಒಣಗದಂತೆ ಒದ್ದೆ ಬಟ್ಟೆ ಮುಚ್ಚಿ ಕಾಯುತ್ತಾ ಕೂತಳು.