ಅಣ್ಣನ ಎಡಗೈ

ಬಸ್ಸಿನಲ್ಲಿ ಪಕ್ಕ ಕೂತವರು ಅವನ ಮುಖವನ್ನು ಎರಡೆರಡು ಸಲ ನೋಡಿ, "ನೀವು ನಮ್ಮ ಬ್ಯಾಂಕಿನಲ್ಲಿ ಇದ್ದವರಲ್ವಾ?" ಎಂದು ಕೇಳುತ್ತಿದ್ದರು. "ಇದ್ದೆ, ಈಗ ವರ್ಗ ಆಗಿದೆ" ಎಂದುಬಿಡುತ್ತಿದ್ದ. ಪೂರ್ತಿ ಸುಳ್ಳೇನಲ್ಲ, ಒಂದು ಸಿನಿಮಾದಲ್ಲಿ ಅವನು ಬ್ಯಾಂಕ್ ಮ್ಯಾನೇಜರ್ ಆಗಿದ್ದ. ನ್ಯಾಯಾಧೀಶ, ಜೇಬುಗಳ್ಳ, ಕಂಪೌಂಡರ್, ಕುಡುಕ, ನಾಯಕಿಯ ಅಪ್ಪ ಎಲ್ಲವೂ ಆಗಿದ್ದ. ನಟಿ ಕೈಕೊಟ್ಟ ದಿನ ಸೀರೆಯುಟ್ಟು ಅಜ್ಜಿಯೂ ಆಗಿದ್ದ. ಮುಖ ಎಲ್ಲರಿಗೂ ಗೊತ್ತು, ಹೆಸರು ಯಾರ ಬಾಯಿಗೂ ಬರದು.

ಅವನನ್ನು ಸಾಕಿದವನು ಅಣ್ಣ. ಅಪ್ಪ ತೀರಿಕೊಂಡ ವರ್ಷವೇ ಓದು ಬಿಟ್ಟು ವರ್ಕ್‌ಶಾಪಿನಲ್ಲಿ ಲೇತ್ ಮುಂದೆ ನಿಂತವನು. ತಮ್ಮನು ಪ್ರೆಸ್ಸಿನ ಕೆಲಸ ಬಿಟ್ಟು ನಾಟಕದ ತಂಡ ಸೇರುತ್ತೇನೆಂದಾಗ ಅತ್ತಿಗೆ ಹಣೆ ಚಚ್ಚಿಕೊಂಡಳು. ಅಣ್ಣ ಮಾತ್ರ ಕೈಗೆ ಹತ್ತಿದ ಗ್ರೀಸ್ ಒರೆಸಿಕೊಳ್ಳುತ್ತಾ, "ಮಾಡೋದಾದ್ರೆ ನೆಟ್ಟಗೆ ಮಾಡು" ಎಂದಿದ್ದ.

ತಮ್ಮನು ನಟನೆ ಕಲಿತದ್ದು ಜನರನ್ನು ನೋಡಿ ನೋಡಿಯೇ. ಗುಮಾಸ್ತ ಮೊಹರು ಒತ್ತುವ ಮುಂಚೆ ಉಸಿರು ಬಿಗಿಹಿಡಿಯುವುದು, ಸೋತ ವಕೀಲ ಕಡತ ಕಟ್ಟುವುದು, ಎಲ್ಲವೂ ಅವನ ಕಣ್ಣಿಗೆ ಬೀಳುತ್ತಿತ್ತು. ಅವರನ್ನು ಕೇಳದೆ ತನ್ನ ಪಾತ್ರಗಳಿಗೆ ಎತ್ತಿಕೊಳ್ಳುತ್ತಿದ್ದ.

ಐವತ್ತೆಂಟನೇ ವಯಸ್ಸಿಗೆ ಅಣ್ಣನಿಗೆ ಲಕ್ವ ಹೊಡೆಯಿತು. ಎಡಗೈ ಬಿದ್ದುಹೋಯಿತು. ಅದನ್ನು ಬಲಗೈಯಿಂದ ಎತ್ತಿ ತೊಡೆಯ ಮೇಲೆ ಇಟ್ಟುಕೊಳ್ಳುತ್ತಿದ್ದ. ಮರುವರ್ಷ ತಮ್ಮನಿಗೆ ಹಾಸಿಗೆ ಹಿಡಿದೆದ್ದ ಮೇಷ್ಟ್ರ ಪಾತ್ರ ಬಂತು. ಪ್ರತಿ ಭಾನುವಾರ ನಾಟಕ. ಅವನು ಆ ಕೈಯನ್ನು ಹಾಗೇ ರಂಗದ ಮೇಲೆ ತಂದ.

ಎರಡನೇ ವಾರ ನೆರೆಮನೆಯವರ ಜೊತೆ ಅತ್ತಿಗೆ ನೋಡಲು ಬಂದಳು. ನಾಟಕ ಮುಗಿದ ಮೇಲೆ ಅವನಿಗೆ ಮುಖ ತೋರಿಸದೆ ಹೋದಳು. ಮಾರನೇ ದಿನ ಮನೆಗೆ ಹೋದರೆ ನೀರು ಕೂಡ ಕೊಡಲಿಲ್ಲ.

"ನಿಮ್ಮಣ್ಣನ್ನ ನಾಲ್ಕು ಜನರ ಮುಂದೆ ಕೂರಿಸಿಬಿಟ್ಟೆ. ಹಿಂದಿನ ಸಾಲಿನವರು ನಕ್ಕರು, ಕೇಳಿಸ್ತಾ ನಿನಗೆ?"

ಕೇಳಿಸಿತ್ತು. ಅವನು ತಲೆ ತಗ್ಗಿಸಿದ. ಕಿಟಕಿಯ ಪಕ್ಕ ಕೂತಿದ್ದ ಅಣ್ಣ ಸ್ವಲ್ಪ ತೊದಲುತ್ತಲೇ ಕರೆದ.

"ಎಲ್ಲಿ, ಮಾಡಿ ತೋರಿಸು."

"ಬೇಡ ಅಣ್ಣ. ತಪ್ಪಾಯ್ತು. ಪಾತ್ರ ಬಿಡ್ತೀನಿ."

"ಬಿಡು ಅಂದ್ನಾ? ತೋರಿಸು."

ಅವನು ಮಾಡಿ ತೋರಿಸಿದ. ಅಣ್ಣ ಲೇತಿನ ಮೇಲೆ ಡೊಂಕಾದ ಸರಳನ್ನು ನೋಡುವಂತೆ ನೋಡಿದ.

"ನೀನು ಸೀದಾ ಎತ್ತಿಬಿಡ್ತೀಯ. ನಾನು ಹಾಗಲ್ಲ. ಪ್ರತಿ ಸಲ, ಇವತ್ತಾದ್ರೂ ಅದೇ ಏಳುತ್ತೇನೋ ಅಂತ ಒಂದು ಗಳಿಗೆ ಕಾಯ್ತೀನಿ. ಏಳಲ್ಲ ಅಂತ ಗೊತ್ತಾದ ಮೇಲೆ ಎತ್ತೋದು. ನೀನು ಕಾಯಲೇ ಇಲ್ಲ, ಅದಕ್ಕೇ ನಕ್ಕರು."

ಅತ್ತಿಗೆ ಸೆರಗಿನಿಂದ ಮುಖ ಒರೆಸಿಕೊಂಡು ಒಳಗೆ ಹೋದಳು. ಅವಳಿಗೂ ಅದು ಅಲ್ಲಿಯವರೆಗೆ ಗೊತ್ತಿರಲಿಲ್ಲ. ಅಣ್ಣತಮ್ಮಂದಿರು ಸಂಜೆಯವರೆಗೂ ಕೂತು ಕೈ ಎತ್ತಿದರು, ಇಳಿಸಿದರು. "ಹೆಗಲು ಸಡಿಲ ಬಿಡು ಮಾರಾಯ" ಎಂದು ಅಣ್ಣ ಎರಡು ಸಲ ರೇಗಿದ.

ಭಾನುವಾರ ಅಣ್ಣನನ್ನು ಆಟೋದಲ್ಲಿ ಕರೆತಂದು ಮೊದಲ ಸಾಲಿನಲ್ಲಿ ಕೂರಿಸಿದರು. ಮೇಷ್ಟ್ರು ಎಡಗೈಯನ್ನು ನೋಡಿದರು, ಕಾದರು, ಆಮೇಲೆ ಎತ್ತಿಕೊಂಡರು. ಯಾರೂ ನಗಲಿಲ್ಲ, ಯಾರೂ ಕೆಮ್ಮಲಿಲ್ಲ. ನಾಟಕ ಮುಗಿದ ಮೇಲೆ ಅಣ್ಣ, "ಈಗ ಅಳತೆಗೆ ಬಂತು" ಎಂದ. ಅತ್ತಿಗೆ ಊಟಕ್ಕೆ ಬಾ ಎಂದಳು.

ಅಣ್ಣ ಆಮೇಲೆ ನಾಲ್ಕು ವರ್ಷ ಬದುಕಿದ. ತಮ್ಮನು ಎಪ್ಪತ್ತನೇ ವಯಸ್ಸಿನವರೆಗೂ ಬಣ್ಣ ಹಚ್ಚಿದ, ಆದರೆ ಕೇಳದೆ ಯಾರನ್ನೂ ರಂಗಕ್ಕೆ ತರಲಿಲ್ಲ. ಒಮ್ಮೆ ದರ್ಜಿಯೊಬ್ಬನ ಅಂಗಡಿಗೆ ಹೋಗಿ, ನಾಟಕದಲ್ಲಿ ನಿಮ್ಮ ಹಾಗೆ ಸೂಜಿಗೆ ದಾರ ಪೋಣಿಸಲೇ ಎಂದು ಕೇಳಿದ. ದರ್ಜಿ ಕನ್ನಡಕ ಮೇಲೇರಿಸಿ ಯೋಚಿಸಿದ.

"ಪೋಣಿಸಿ. ಆದ್ರೆ ಮೂರನೇ ಸಲಕ್ಕೆ ದಾರ ಹೋಗೋದು ಅಂತ ತೋರಿಸಬೇಡಿ. ಗಿರಾಕಿಗಳು ನೋಡ್ತಾರೆ."

ಹಾಗೇ ಆಗಲಿ ಎಂದು ಅವನು ಸ್ಟೂಲು ಎಳೆದುಕೊಂಡು ಕೂತ.