ಲಾಭದಿಂದ ಎಣಿಸಿದರೆ ಹತ್ತು

ಮೊದಲಿಗೆ ಓದುಗರ ಕ್ಷಮೆ ಕೋರುತ್ತೇನೆ. ನಮ್ಮ ಮನೆತನದಲ್ಲಿ ಪದವಿಯವರೆಗೆ ಓದಿದವರಲ್ಲಿ ನಾನೇ ಮೊದಲನೆಯವಳು. ಬರೆಯಲು ಕುಳಿತರೆ ಇಂದಿಗೂ ಪರೀಕ್ಷಾ ಕೊಠಡಿಯಲ್ಲಿ ಕುಳಿತಂತೆಯೇ ಆಗುತ್ತದೆ. ಎಲ್ಲಿ ಒತ್ತಕ್ಷರ ತಪ್ಪಿತೋ, ಎಲ್ಲಿ ವಾಕ್ಯ ದಾರಿ ಬಿಟ್ಟಿತೋ ಎಂಬ ಅಳುಕು. ಆದುದರಿಂದ ಈ ನಿರೂಪಣೆಯಲ್ಲಿ ಲೋಪಗಳು ಕಂಡುಬಂದರೆ ಅವು ನನ್ನ ಭಾಷೆಯವು, ನಡೆದ ಸಂಗತಿಯವಲ್ಲ. ನಡೆದ ಸಂಗತಿಗೆ ಇರುವುದು ಒಂದೇ ದೋಷ. ಅದು ಅರ್ಥವಾಗುವುದಿಲ್ಲ.

ಇಂಥವುಗಳನ್ನು ನಾನು ನಂಬಿದವಳಲ್ಲ. ಹೇರೋಹಳ್ಳಿಯ ನಮ್ಮ ಬೀದಿಯಲ್ಲಿ, ಹುಣಸೆಮರ ಕಡಿದು ಸೈಟು ಮಾಡಿದ ಮೇಲೆ ಅದರಲ್ಲಿದ್ದದ್ದು ಎಲ್ಲಿಗೆ ಹೋಯಿತೆಂದು ಗಂಭೀರವಾಗಿ ಚರ್ಚಿಸುವ ಹಿರಿಯರು ಇನ್ನೂ ಇದ್ದಾರೆ. ಖಾತೆಯಾದ ಜಾಗದಲ್ಲಿ ದೆವ್ವಕ್ಕೆ ಹಕ್ಕಿಲ್ಲ ಎಂದು ನಾನು ತಮಾಷೆ ಮಾಡುತ್ತಿದ್ದೆ. ಅಲ್ಲದೆ ಆ ಕಥೆಗಳೆಲ್ಲ ಅಮಾವಾಸ್ಯೆಯ ಕತ್ತಲಿನಲ್ಲಿ, ಒಬ್ಬರೇ ಇದ್ದಾಗ ನಡೆಯುತ್ತವೆ. ನನಗಾದದ್ದು ಚೆನ್ನಾಗಿ ಬಿಸಿಲು ಬಿದ್ದ ಬೆಳಗಿನಲ್ಲಿ, ಮೈದಾನದ ತುಂಬ ಜನರಿದ್ದಾಗ. ಆದ್ದರಿಂದಲೇ ನನಗೆ ಭಯಕ್ಕಿಂತ ಹೆಚ್ಚಾಗಿ ರೇಗುತ್ತದೆ.

ಕೆಲವು ವರ್ಷಗಳ ಹಿಂದೆ ನಾನು ನಾಗರಬಾವಿಯ ಕಡೆಯ ಒಂದು ತರಬೇತಿ ಕೇಂದ್ರದಲ್ಲಿ ಕೆಲಸಕ್ಕಿದ್ದೆ. ಸೇನೆಗೆ ಸೇರಬಯಸುವ ಹುಡುಗರನ್ನು ಅಲ್ಲಿ ದೈಹಿಕ ಸಾಮರ್ಥ್ಯ ಪರೀಕ್ಷೆಗೆ ಸಿದ್ಧಗೊಳಿಸುತ್ತಿದ್ದರು. ನಡೆಸುತ್ತಿದ್ದವರು ಒಬ್ಬ ನಿವೃತ್ತ ಸುಬೇದಾರರು, ಮಾಗಡಿ ಕಡೆಯ ರೈತರ ಮನೆಯವರು. ಹುಡುಗರ ಓಟ, ಬೀಮ್, ಹಳ್ಳ ಹಾರುವುದು, ಇವುಗಳ ಫಲಿತಾಂಶವನ್ನು ದಾಖಲಿಸುವುದು ನನ್ನ ಕೆಲಸ. ಬೀಮ್ ಎಂದರೆ ಕಬ್ಬಿಣದ ಅಡ್ಡಕಂಬಿಗೆ ಜೋತುಬಿದ್ದು, ಗದ್ದ ಕಂಬಿಯನ್ನು ದಾಟುವವರೆಗೆ ಮೈಯನ್ನು ಮೇಲಕ್ಕೆ ಎಳೆಯುವುದು. ಹತ್ತು ಎಳೆದವನಿಗೆ ಪೂರ್ಣ ಅಂಕ.

ದಾಖಲಿಸುವುದಕ್ಕೆ ಸುಬೇದಾರರದ್ದೇ ಒಂದು ಪದ್ಧತಿಯಿತ್ತು. ಬರೆಯುವವರು ನೋಡಬಾರದು, ಕೇಳಿ ಬರೆಯಬೇಕು. ನೋಡಿದರೆ ಮುಖ ಕಾಣುತ್ತದೆ, ಮುಖ ಕಂಡರೆ ಕೈ ಓಲುತ್ತದೆ ಎಂಬುದು ಅವರ ವಾದ. ಹೀಗಾಗಿ ನನ್ನ ಕುರ್ಚಿ ಬೀಮ್‌ಗೆ ಬೆನ್ನು ಮಾಡಿ, ಕಾಂಪೌಂಡ್ ಗೋಡೆಯ ಕಡೆಗೆ ತಿರುಗಿರುತ್ತಿತ್ತು. ಕಂಬಿಯ ಪಕ್ಕ ನಿಂತು ಎಣಿಸುತ್ತಿದ್ದವರು ಪಿ.ಟಿ. ಮಾಸ್ಟರ್ ಲೋಕೇಶ್, ರಾಜಾಜಿನಗರದಲ್ಲೇ ಹುಟ್ಟಿ ಬೆಳೆದವರು. ಮುಂದೆ ಭರ್ತಿಯ ದಿನ ಹಿಂದಿಯಲ್ಲೇ ಎಣಿಸುವುದರಿಂದ ಕಿವಿಗೆ ರೂಢಿಯಾಗಲಿ ಎಂದು ಅವರು ‘ಏಕ್, ದೋ, ತೀನ್’ ಎನ್ನುತ್ತಿದ್ದರು. ನಾನು ಒಂದೊಂದಕ್ಕೂ ಒಂದೊಂದು ಗೀಟು ಎಳೆಯುತ್ತಿದ್ದೆ. ಕೊನೆಗೆ ಅವರು ಒಟ್ಟು ಹೇಳಿದಾಗ ನಾನು ನನ್ನ ಗೀಟುಗಳನ್ನು ಎಣಿಸಿ ಒಪ್ಪಿಸಬೇಕು. ಎರಡೂ ತಾಳೆಯಾಗದ ಪ್ರಸಂಗ ಅದುವರೆಗೆ ಒಮ್ಮೆಯೂ ಬಂದಿರಲಿಲ್ಲ.

ನನ್ನ ತಮ್ಮ ಯೋಗೀಶ ಅದೇ ಕೇಂದ್ರದಲ್ಲಿ ತರಬೇತಿ ಪಡೆಯುತ್ತಿದ್ದ. ಭರ್ತಿಗೆ ವಯಸ್ಸಿನ ಮಿತಿಯಿದೆ. ಅವನಿಗೆ ಅದೇ ಕೊನೆಯ ವರ್ಷ. ಹಗಲು ಒಂದು ಅಂಗಡಿಯಲ್ಲಿ ದುಡಿದು, ನಸುಕಿನಲ್ಲಿ ಓಡುತ್ತಿದ್ದವನಿಗೆ ಅಷ್ಟು ಅಭ್ಯಾಸ ಸಾಲದೆಂದು ಎಲ್ಲರಿಗೂ ಗೊತ್ತಿತ್ತು. ಆ ಸಲ ಕೇಂದ್ರದಿಂದ ಒಬ್ಬನನ್ನು ಮಾತ್ರ ಊಟ ವಸತಿ ಸಹಿತ ಉಚಿತ ಶಿಬಿರಕ್ಕೆ ಕಳುಹಿಸುವುದೆಂದು ತೀರ್ಮಾನವಾಗಿತ್ತು. ಕೊನೆಗೆ ಉಳಿದವರು ಇಬ್ಬರು: ಯೋಗೀಶ ಮತ್ತು ಕಿರಣನೆಂಬ ಹುಡುಗ. ಓಟದಲ್ಲಿ ಯೋಗೀಶ ಮುಂದಿದ್ದ. ಕಿರಣ ಬೀಮ್‌ನಲ್ಲಿ ಹತ್ತು ಎಳೆದು ಇಳಿದಿದ್ದ. ಯೋಗೀಶನೂ ಹತ್ತು ಎಳೆದರೆ ಸ್ಥಾನ ಅವನದು. ಒಂದು ಕಡಿಮೆಯಾದರೂ ಕಿರಣನದು.

ತಮ್ಮನ ಸರದಿಗೆ ಬೇರೆಯವರು ಬರೆಯಲಿ ಎಂದು ನಾನು ಮೊದಲೇ ವಿನಂತಿಸಿದ್ದೆ. ಸುಬೇದಾರರು, “ನೀನು ಗೋಡೆ ನೋಡ್ಕೊಂಡು ಕೂರೋಳು ತಾನೇ ಅಮ್ಮಾ? ಗೋಡೆಗೆ ತಮ್ಮ ಇದಾನಾ?” ಎಂದು ನಕ್ಕು ತಳ್ಳಿಹಾಕಿದರು.

ಯೋಗೀಶ ಕಂಬಿಗೆ ಹಾರಿದ ಸದ್ದು ಕೇಳಿಸಿತು. ನಾನು ಪೆನ್ನು ಹಿಡಿದೆ. ಬೆನ್ನ ಹಿಂದಿನಿಂದ ಮೊದಲ ಎಣಿಕೆ ಬಂತು: “ಲಾಭ.”

ಈ ಪದದ ಬಗ್ಗೆ ಒಂದು ಮಾತು ಹೇಳಬೇಕು. ರಾಗಿ, ಭತ್ತ ಅಳೆಯುವಾಗ ನಮ್ಮ ಕಡೆಯ ಹಳಬರು ಮೊದಲ ಅಳತೆಗೆ ‘ಒಂದು’ ಎನ್ನುವುದಿಲ್ಲ, ‘ಲಾಭ’ ಎನ್ನುತ್ತಾರೆ. ಆಮೇಲೆ ಎರಡು, ಮೂರು. ಮನೆಗೆ ಒಳ್ಳೆಯದಾಗಲಿ ಎಂಬ ಹಾರೈಕೆಯಷ್ಟೆ. ನನ್ನ ತಂದೆ ಒಂದು ರಾಗಿ ಮಂಡಿಯಲ್ಲಿ ಮೂಟೆ ಇಳಿಸುವ ಕೆಲಸದಲ್ಲಿದ್ದರು. ಅಳತೆ ಹೋಗಿ ತೂಕದ ಯಂತ್ರ ಬಂದ ಮೇಲೂ ಲಾರಿಯ ಮೊದಲ ಮೂಟೆ ಅವರ ಬಾಯಲ್ಲಿ ಲಾಭವೇ ಆಗಿತ್ತು. ನಾನು ಪಿಯುಸಿಯಲ್ಲಿದ್ದಾಗ ಅವರು ತೀರಿಕೊಂಡರು.

ಆ ಕ್ಷಣದಲ್ಲಿ ನನಗೆ ತಂದೆಯ ನೆನಪು ಬರಲಿಲ್ಲ ಎಂಬುದನ್ನು ಸ್ಪಷ್ಟಪಡಿಸುತ್ತೇನೆ. ಮಾಸ್ಟರು ಇವತ್ತು ಕನ್ನಡದಲ್ಲಿ ತಮಾಷೆ ಮಾಡುತ್ತಿದ್ದಾರೆ ಎಂದುಕೊಂಡು ಗೀಟು ಎಳೆದೆ. ಎರಡು. ಮೂರು. ಧ್ವನಿ ಅವಸರವಿಲ್ಲದೆ, ಭಾರವಾದದ್ದನ್ನು ಕೆಳಗಿಟ್ಟು ಇನ್ನೊಂದಕ್ಕೆ ತಿರುಗುವವರ ಹಾಗೆ ಬರುತ್ತಿತ್ತು. ಅದು ಮಾಸ್ಟರದೋ ಅಲ್ಲವೋ ಎಂದು ಯೋಚಿಸುವ ಅಗತ್ಯವೇ ನನಗೆ ಕಾಣಲಿಲ್ಲ. ಎಂಟರ ನಂತರ ತುಸು ತಡವಾಯಿತು. ಒಂಬತ್ತು. ಮತ್ತೆ ಬಹಳ ತಡವಾಗಿ, ಹತ್ತು. ಯೋಗೀಶ ನೆಲಕ್ಕೆ ಬಿದ್ದ ಸದ್ದಾಯಿತು.

“ಟೋಟಲ್ ನೌ,” ಎಂದರು ಲೋಕೇಶ್ ಮಾಸ್ಟರು. ಹಿಂದಿಯಲ್ಲಿ ಒಂಬತ್ತು.

“ಹತ್ತು,” ಎಂದು ನಾನು ಒಪ್ಪಿಸಿದೆ.

“ಹತ್ತಲ್ಲ ಮೇಡಂ, ನೌ. ಕಿವಿ ಎಲ್ಲಿಟ್ಟಿದ್ರಿ?”

“ನೀವೇ ಹತ್ತರ ತನಕ ಎಣಿಸಿದ್ರಲ್ಲ ಸಾರ್. ಲಾಭ ಅಂತ ಶುರು ಮಾಡಿದ್ರಿ.”

“ಲಾಭನಾ? ಯಾರಿಗ್ ಮೇಡಂ ಲಾಭ?”

ಅವರಿಗೆ ಆ ಎಣಿಕೆ ನಿಜವಾಗಿಯೂ ಗೊತ್ತಿರಲಿಲ್ಲ. ಆದರೆ ಸಾಲಿನಲ್ಲಿ ನಿಂತ ಹುಡುಗರಿಗೆ ಅಷ್ಟು ಸಾಕಾಯಿತು. “ಇನ್ಯಾರಿಗ್ ಗುರು, ಮನೆಯೋರಿಗೇ!” ಎಂದು ಒಬ್ಬ ಕೂಗಿದ. “ನಂಗೂ ಇಂಥಾ ಅಕ್ಕ ಒಬ್ಳು ಇರ್ಬೇಕಿತ್ತು ಮಗಾ, ಒಂದಕ್ಕೆ ಒಂದ್ ಫ್ರೀ,” ಎಂದ ಇನ್ನೊಬ್ಬ. ಜೀವನದಲ್ಲಿ ಒಂದು ಅರ್ಜಿಯ ಖಾಲಿ ಜಾಗವನ್ನೂ ತಪ್ಪಾಗಿ ತುಂಬಿದವಳಲ್ಲ ನಾನು. ಕಳ್ಳಿಯಂತೆ ಎದ್ದು ನಿಂತೆ. ಯೋಗೀಶನನ್ನು ಕೇಳಿದರೆ ಅವನು ಮಂಡಿಯ ಮೇಲೆ ಕೈಯಿಟ್ಟು ಏದುಸಿರು ಬಿಡುತ್ತ, “ನಾನೆಲ್ಲಿ ಎಣಿಸ್ಲಿ ಅಕ್ಕ, ನೇತಾಡ್ತಾ ಇದ್ದೆ,” ಎಂದ.

ಅದೃಷ್ಟಕ್ಕೆ ಒಬ್ಬ ಹುಡುಗ ಇಬ್ಬರ ಬೀಮ್ ಅನ್ನೂ ಮೊಬೈಲಿನಲ್ಲಿ ಸೆರೆಹಿಡಿದಿದ್ದ. ಅದೃಷ್ಟ ಎಂದು ಆಗ ಭಾವಿಸಿದೆ. ಎಲ್ಲರೂ ಸುತ್ತುಗಟ್ಟಿ ನೋಡಿದೆವು. ವಿಡಿಯೊದಲ್ಲಿ ಕೇಳಿಸುತ್ತಿದ್ದದ್ದು ಲೋಕೇಶ್ ಮಾಸ್ಟರ ಹಿಂದಿ ಎಣಿಕೆ ಮಾತ್ರ, ಏಕ್‌ನಿಂದ ನೌವರೆಗೆ. ಲಾಭವೆಂಬ ಶಬ್ದ ಎಲ್ಲಿಯೂ ಇರಲಿಲ್ಲ. ಎಲ್ಲರೂ ತಲೆಯಾಡಿಸಿದರು. ನಾನು ತಡೆಯಲಾರದೆ, ಮೊಬೈಲಿನ ಧ್ವನಿ ಅಡಗಿಸಿ, ಗದ್ದ ಕಂಬಿ ದಾಟಿದಾಗಲೆಲ್ಲ ಬೆರಳು ಮಡಿಸುತ್ತ, ಲಾಭ, ಎರಡು, ಮೂರು ಎಂದು ಎಣಿಸಿದೆ. ಹತ್ತೂ ಬೆರಳು ಮಡಿಚಿಕೊಂಡವು.

“ಇದೇನ್ ಮೇಡಂ ಮ್ಯಾಜಿಕ್ಕು?” ಎಂದು ಮಾಸ್ಟರು ಮೊಬೈಲ್ ಕಿತ್ತುಕೊಂಡರು. ಒಂದು ಎಂದು ಶುರುಮಾಡಿ ಎಣಿಸಿದರು: ಒಂಬತ್ತು. ನನ್ನನ್ನು ಸುಳ್ಳುಮಾಡುವ ಹಟದಿಂದ ಲಾಭ ಎಂದು ಶುರುಮಾಡಿದರು: ಹತ್ತು. ಮೊದಲ ಸಲ ಎಳೆಯುವ ಮುನ್ನವೇ ಲಾಭ ಎಂದುಬಿಟ್ಟಿರಬೇಕೆಂದು ನಾನೇ ಸಂಶಯಪಟ್ಟು, ಗದ್ದ ದಾಟಿದ ಮೇಲೆಯೇ ಹೇಳುವಂತೆ ಕೇಳಿಕೊಂಡೆ. ಆಗಲೂ ಹತ್ತು. ಕಿರಣನ ವಿಡಿಯೊ ತೆಗೆಸಿದೆ. ಅದನ್ನು ಒಂದರಿಂದ ಎಣಿಸಿದರೂ ಹತ್ತು, ಲಾಭದಿಂದ ಎಣಿಸಿದರೂ ಹತ್ತು. ವ್ಯತ್ಯಾಸ ಬರುತ್ತಿದ್ದದ್ದು ನನ್ನ ತಮ್ಮನದರಲ್ಲಿ ಮಾತ್ರ. ನಗುತ್ತಿದ್ದ ಹುಡುಗರು ತಾವೂ ಬೆರಳು ಮಡಿಸಿ ಎಣಿಸತೊಡಗಿದರು.

ಈಗ ಸುಬೇದಾರರು ಮೊಬೈಲನ್ನು ತಮ್ಮ ಕೈಗೆ ತೆಗೆದುಕೊಂಡು, ತುಟಿ ಮಾತ್ರ ಅಲುಗುವಂತೆ ಎಣಿಸಿದರು. ರೈತರ ಮನೆಯವರಾದ ಅವರಿಗೆ ಯಾರೂ ಲಾಭವನ್ನು ಕಲಿಸಬೇಕಿರಲಿಲ್ಲ. ಮುಗಿದ ಮೇಲೆ ಅದನ್ನು ಹುಡುಗನಿಗೆ ಹಿಂತಿರುಗಿಸಿ, “ಆಫ್ ಮಾಡೋ,” ಎಂದರು. ಆಮೇಲೆ ನನ್ನ ಕಡೆ ತಿರುಗಿ, “ಏನ್ ಬರೀತೀಯೋ ಬರಿಯಮ್ಮ. ನಾನು ಸೈನ್ ಹಾಕ್ತೀನಿ,” ಎಂದರು.

ಇದು ಎಂಥ ನ್ಯಾಯವೆಂದು ನನಗೆ ಇಂದಿಗೂ ಸಿಟ್ಟು ಬರುತ್ತದೆ. ನೋಡಬೇಡ, ಕೇಳಿ ಬರೆ ಎಂದು ಗೋಡೆಗೆ ಮುಖಮಾಡಿ ಕೂರಿಸಿದವರು, ಕೇಳಿದ್ದು ಕೈಕೊಟ್ಟಾಗ ಪೆನ್ನನ್ನು ನನ್ನ ಕೈಗೇ ಬಿಟ್ಟು ದೂರ ನಿಂತರು. ಮತ್ತೊಮ್ಮೆ ಎಳೆಸಿ ನೋಡೋಣವೆಂದರೆ ಯೋಗೀಶನ ಅಂಗೈ ಕಿತ್ತುಹೋಗಿ ರಕ್ತ ಬರುತ್ತಿತ್ತು. ಸಾಲದ್ದಕ್ಕೆ ಕಿರಣನ ತಂದೆ ಗೇಟಿನ ಬಳಿ ನಿಂತು ನೋಡುತ್ತಿದ್ದರು. ನಾನು ಕೇಳಿದ್ದು ಹತ್ತು. ಎಣಿಸುವವರು ಘೋಷಿಸಿದ್ದು ಒಂಬತ್ತು. ನಿಯಮದ ಪ್ರಕಾರ ಘೋಷಣೆಯೇ ಅಂತಿಮ. ಭರ್ತಿಯ ಮೈದಾನದಲ್ಲಿ ಯಾರೂ ನನ್ನ ತಮ್ಮನಿಗಾಗಿ ಲಾಭದಿಂದ ಎಣಿಸುವುದಿಲ್ಲ ಎಂದೂ ಯೋಚಿಸಿದೆ. ಕೊನೆಯ ಗೀಟನ್ನು ಹೊಡೆದುಹಾಕಿ ಒಂಬತ್ತು ಎಂದು ಬರೆದೆ. ಸುಬೇದಾರರು ಅದನ್ನು ನೋಡದೆಯೇ ಸಹಿ ಹಾಕಿದರು.

ಅಂದಿನಿಂದ ನನಗೆ ಸಿಕ್ಕಿರುವ ವಿವರಣೆಗಳಿಗೆ ಲೆಕ್ಕವಿಲ್ಲ, ಒಂದೂ ಉಪಯೋಗಕ್ಕೆ ಬರುವುದಿಲ್ಲ. ಆ ಹುಡುಗನಿಂದ ತರಿಸಿಕೊಂಡ ವಿಡಿಯೊ ಇಂದಿಗೂ ನನ್ನ ಫೋನಿನಲ್ಲಿದೆ. ನಿಧಾನಗತಿಯಲ್ಲಿ ಓಡಿಸಿದ್ದೇನೆ, ಚಿತ್ರ ಚಿತ್ರವಾಗಿ ನಿಲ್ಲಿಸಿದ್ದೇನೆ. ನಾನು ಓದಿದ ಕಾಲೇಜಿನ ಭೌತಶಾಸ್ತ್ರದ ಉಪನ್ಯಾಸಕರೊಬ್ಬರಿಗೆ ತೋರಿಸಿದೆ. ಅವರು ಎರಡೂ ಬಗೆಯಲ್ಲಿ ಎಣಿಸಿ, ಕನ್ನಡಕ ಒರೆಸಿ, ಮತ್ತೆ ಎಣಿಸಿ, “ನೀವು ಚೆನ್ನಾಗಿ ನಿದ್ದೆ ಮಾಡ್ಬೇಕು ಕಣಮ್ಮ,” ಎಂದು ಸಲಹೆ ನೀಡಿದರು. ಎಣಿಸಿದ್ದು ಅವರು, ನಿದ್ದೆ ನನಗೆ!

ಅಮ್ಮನಿಗೆ ಸಂಶಯವೇ ಇಲ್ಲ. ಬಂದದ್ದು ನನ್ನ ತಂದೆಯೇ ಎಂದು ಅವಳು ಅಂದೇ ತೀರ್ಮಾನಿಸಿದಳು. ಆದರೆ ಕೈಮುಗಿಯಲಿಲ್ಲ, ಅಳಲೂ ಇಲ್ಲ. ಗೋಡೆಯ ಮೇಲಿನ ಫೋಟೋವನ್ನು ನೋಡುತ್ತ, “ಬಂದೋರು ಬಂದ್ರು, ನೆಟ್ಟಗೆ ಒಂದು ಅಂತ ಎಣಿಸೋಕಾಗ್ಲಿಲ್ವಾ ಈ ಮನುಷ್ಯಂಗೆ? ಇದ್ದಾಗ್ಲೂ ಹಿಂಗೇ. ನಾಕ್ ಜನಕ್ಕೆ ಅರ್ಥ ಆಗೋ ಹಂಗೆ ಒಂದ್ ಮಾತಾಡಿದ್ದಿಲ್ಲ,” ಎಂದು ಗದರಿಸಿದಳು. ಆ ಧ್ವನಿ ತಂದೆಯದೇ ಎಂದು ನಾನು ಪ್ರಮಾಣ ಮಾಡಿ ಹೇಳಲಾರೆ. ಅಲ್ಲ ಎಂದೂ ಹೇಳಲಾರೆ. ಹಲವು ವರ್ಷ ಕೇಳದ ಧ್ವನಿಯನ್ನು ಗುರುತಿಸುವುದು ಹೇಗೆಂದು ಯಾವ ಪಠ್ಯದಲ್ಲೂ ಹೇಳಿಕೊಡಲಿಲ್ಲ.

ಯೋಗೀಶನಿಗೂ ಆ ಎಣಿಕೆ ಕೇಳಿಸಿತ್ತೇ ಎಂದು ಒಮ್ಮೆ ಕೇಳಿದೆ. ಅವನು “ಕೇಳಿಸ್ತು ಅಂದ್ರೆ ಏನ್ ಮಾಡ್ತೀಯಾ? ಈಗ್ ತಿದ್ತೀಯಾ?” ಎಂದ. ನಾನು ಒಂಬತ್ತು ಬರೆದದ್ದಕ್ಕೆ ಅವನಿಗೆ ಕೋಪವಿಲ್ಲ. ಹತ್ತು ಕೇಳಿ ಒಂಬತ್ತು ಬರೆದದ್ದಕ್ಕೆ ಕೋಪ. ಈ ಎರಡರ ನಡುವಿನ ಅಂತರ ನನಗೆ ಅರ್ಥವಾಗುತ್ತದೆ.

ಕಿರಣ ಶಿಬಿರಕ್ಕೆ ಹೋಗಿ, ಭರ್ತಿಯಾಗಿ, ಈಗ ಸೇನೆಯಲ್ಲಿದ್ದಾನೆ. ಯೋಗೀಶ ಆ ವರ್ಷ ಭರ್ತಿಯಲ್ಲಿ ಆಯ್ಕೆಯಾಗಲಿಲ್ಲ, ಆಮೇಲೆ ವಯಸ್ಸು ಮೀರಿತು. ನಾನು ಆ ಕೆಲಸ ಬಿಟ್ಟು ಅತ್ತಿಗುಪ್ಪೆಯ ಒಂದು ಕಚೇರಿಗೆ ಸೇರಿದೆ. ಅವನು ಮನೆ ಬಿಟ್ಟು, ಸ್ನೇಹಿತರ ಜೊತೆ ಕೆಂಗೇರಿಯಲ್ಲಿ ಬಾಡಿಗೆ ಕೋಣೆ ಮಾಡಿಕೊಂಡಿದ್ದಾನೆ. ಪ್ರತಿ ಭಾನುವಾರ ಊಟಕ್ಕೆ ಬರುತ್ತಾನೆ. ಅಮ್ಮ ಅವನಿಗೆ ಮಧ್ಯಾಹ್ನ ಬಡಿಸುತ್ತಾಳೆ. ಅವನು ಹೋದನೆಂದು ಅವಳು ಫೋನ್ ಮಾಡಿದ ಮೇಲೆ ನಾನು ಮನೆಗೆ ಬಂದು ಊಟ ಮಾಡುತ್ತೇನೆ.